ಮುಂಬಯಿಯ ಕನ್ನಡ ಸಂಘಗಳಿಗೆ: ಒಂದು ತಂತಿ ಕಟ್ಟಲು ಜಾಗ ಕೊಡಿ

ಮುಂಬಯಿ, ಠಾಣೆ, ನವಿ ಮುಂಬಯಿಯ ಎಲ್ಲ ಕನ್ನಡ ಸಂಘಗಳ ಅಧ್ಯಕ್ಷರಿಗೆ, ಕಾರ್ಯದರ್ಶಿಗಳಿಗೆ, ಹಾಗೂ ಟೆರೇಸಿನ ಬೀಗದ ಕೈ ಇಟ್ಟುಕೊಂಡಿರುವ ಪುಣ್ಯಾತ್ಮರಿಗೆ,

ನಮಸ್ಕಾರ.

ದುಡ್ಡು ಕೇಳಲು ಬರೆದ ಪತ್ರ ಇದಲ್ಲ. ಮೊದಲೇ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ಅರ್ಧ ಜನ ಇಲ್ಲಿಗೇ ಮಡಚಿ ಇಡುತ್ತೀರಿ. ನಾನೊಬ್ಬ ಹ್ಯಾಮ್, ಅಂದರೆ ಲೈಸೆನ್ಸ್ ಪಡೆದು ಹವ್ಯಾಸಕ್ಕೆ ರೇಡಿಯೊದಲ್ಲಿ ಮಾತಾಡುವವನು. ನನಗೆ ಬೇಕಿರುವುದು ಆ ರೇಡಿಯೊಗಾಗಿ ನಿಮ್ಮ ಕಟ್ಟಡದ ಮೇಲೆ 20 ಮೀಟರ್ ಉದ್ದದ ಒಂದು ತಂತಿ ಕಟ್ಟುವಷ್ಟು ಜಾಗ, ಒಳಗೊಂದು ಮೇಜು, ತಿಂಗಳಿಗೊಂದು ಭಾನುವಾರ. ಯಾಕೆ ಅಂತ ಹೇಳಲು ಸ್ವಲ್ಪ ಹಿಂದಕ್ಕೆ ಹೋಗಬೇಕು.

2005ರ ಜುಲೈ 26. ಆ ದಿನ ಎಲ್ಲಿದ್ದಿರಿ ಅಂತ ಕೇಳಿದರೆ ನಿಮ್ಮಲ್ಲಿ ಪ್ರತಿಯೊಬ್ಬರ ಹತ್ತಿರವೂ ಅರ್ಧ ಗಂಟೆಯ ಕಥೆ ಇರುತ್ತದೆ. ನನ್ನದು ಚಿಕ್ಕದು. ಆಗ ನಾನು ಕಾಲೇಜು ಹುಡುಗ. ಕಲಿನಾದ ಒಂದು ಚಾಳಿನಲ್ಲಿ ಕೆಳಗಿನ ಮನೆ ನಮ್ಮದು. ಅಪ್ಪ ಅಂಧೇರಿ ಎಂಐಡಿಸಿಯ ಕಂಪನಿಯೊಂದರ ಕ್ಯಾಂಟೀನ್ ನೋಡಿಕೊಳ್ಳುತ್ತಿದ್ದರು. ಮಧ್ಯಾಹ್ನದ ಊಟ ಮುಗಿಸಿ ಏಳುವಷ್ಟರಲ್ಲಿ ಹೊಸ್ತಿಲಿಗೆ ನೀರು ಬಂತು. ಸಂಜೆಯ ಹೊತ್ತಿಗೆ ಖಾಲಿ ಸಿಲಿಂಡರ್ ಒಳಗೇ ತೇಲಾಡುತ್ತಿತ್ತು. ಅಮ್ಮ ರೇಷನ್ ಕಾರ್ಡನ್ನು ಅಕ್ಕಿ ಡಬ್ಬದೊಳಗೆ ಹಾಕಿ, ಡಬ್ಬ ತಬ್ಬಿಕೊಂಡು ಮಾಳಿಗೆಯ ಮೆಟ್ಟಿಲ ಮೇಲೆ ಕೂತರು. ಕರೆಂಟ್ ಹೋಯಿತು. ಲ್ಯಾಂಡ್‌ಲೈನ್ ಹೋಯಿತು. ಮೇಲಿನ ಮನೆಯ ಅಣ್ಣನ ಮೊಬೈಲಿನಲ್ಲಿ ಸಿಗ್ನಲ್ ಗೆರೆ ಕಾಣುತ್ತಿತ್ತು, ಕರೆ ಮಾತ್ರ ಹೋಗುತ್ತಿರಲಿಲ್ಲ. ರಾತ್ರಿ ಗೆರೆಯೂ ಹೋಯಿತು. ಅಪ್ಪ ಬಂದದ್ದು ಮರುದಿನ ಸಂಜೆ, ಒಂದು ಕಾಲಿನಲ್ಲಿ ಮಾತ್ರ ಚಪ್ಪಲಿ.

ಆ 24 ಗಂಟೆಯಲ್ಲಿ ಸಾಂತಾಕ್ರೂಜ್‌ನಲ್ಲಿ 944 ಮಿಲಿಮೀಟರ್ ಮಳೆ ಬಿದ್ದಿತ್ತು ಅಂತ ಆಮೇಲೆ ಗೊತ್ತಾಯಿತು. ಅದೇ ದಿನ ಕೊಲಾಬಾದಲ್ಲಿ ಬಿದ್ದದ್ದು ಬರೀ 73. ಒಂದೇ ಊರು! ದಕ್ಷಿಣದ ಆಫೀಸುಗಳಲ್ಲಿ ಕೂತವರಿಗೆ ಅದು ಜುಲೈ ತಿಂಗಳ ಮಾಮೂಲಿ ಮಳೆ. ಮಿಠಿ ನದಿ ಮೇಲೆ ಬಂದದ್ದನ್ನು ಅವರಿಗೆ ಹೇಳಲು ಇತ್ತ ಕಡೆ ಯಾವ ತಂತಿಯೂ ಬದುಕಿರಲಿಲ್ಲ. (ಹ್ಯಾಮ್‌ಗಳು ಮಾತು ಮುಗಿಸುವಾಗ 73 ಅನ್ನುತ್ತಾರೆ. ಟೆಲಿಗ್ರಾಫ್ ಕಾಲದಿಂದ ಬಂದ ರೂಢಿ, ಶುಭಾಶಯ ಅಂತ ಅರ್ಥ. ಕೊಲಾಬಾದ ಲೆಕ್ಕ ಕೇಳಿದಾಗಲೆಲ್ಲ ನನಗೆ ಅದು ನೆನಪಾಗಿ ನಗು ಬರುತ್ತದೆ. ನಗುವ ವಿಷಯವೇನೂ ಅಲ್ಲ ಬಿಡಿ.)

ಇನ್ನು ಊರಿನ ಕಥೆ. ನಮ್ಮದು ಕುಂದಾಪುರದ ಹತ್ತಿರ. ಅಲ್ಲಿ ಮಳೆಗೆ ಫೋನ್ ತಂತಿ ಬಿದ್ದು ವಾರವಾಗಿತ್ತು, ಅದೂ ಮಾಮೂಲಿ. ಪಕ್ಕದ ಮನೆಯ ಟಿವಿಯಲ್ಲಿ ಮುಂಬಯಿ ಮುಳುಗಿತು ಅಂತ ನೋಡಿದ ಅಜ್ಜಿ ಎರಡು ದಿನ ಊಟ ಬಿಟ್ಟರಂತೆ. ನಾವು ಮೂರೂ ಜನ ಬದುಕಿದ್ದೇವೆ ಅಂತ ಅವರಿಗೆ ತಿಳಿದದ್ದು 29ಕ್ಕೆ. ಹೇಳಿದ್ದು ಲಕ್ಸುರಿ ಬಸ್ಸಿನ ಡ್ರೈವರ್. ಅಮ್ಮ ಒಂದು ಚೀಟಿ ಬರೆದು ಅವರ ಕೈಗೆ ಕೊಟ್ಟಿದ್ದರು. ಅವರು ರಸ್ತೆ ಬದಿಯ ಅಂಗಡಿಗೆ ಕೊಟ್ಟರು, ಅಂಗಡಿ ಹುಡುಗ ಸೈಕಲ್ ತುಳಿದ. ಮುಂಬಯಿ ಕನ್ನಡಿಗರಿಗೆ ಬಸ್ ಡ್ರೈವರ್ ಏನೇನು ಸಾಗಿಸಿಕೊಟ್ಟಿದ್ದಾರೆ ಅಂತ ನಾನು ಹೇಳಬೇಕಾಗಿಲ್ಲ. ಉಪ್ಪಿನಕಾಯಿ ಜಾಡಿ, ಮದುವೆ ಕಾಗದ, ಹಲಸಿನ ಹಪ್ಪಳ. ನಮ್ಮ ಪಾಲಿಗೆ ಜೀವ ಇದೆ ಅನ್ನುವ ಸುದ್ದಿಯೂ ಸೇರಿತು.

ಇದೇನೂ ಹಳೇ ಕಾಲದ ಮಾತಲ್ಲ. 2014ರ ಜುಲೈ 30ರಂದು ಪುಣೆ ಜಿಲ್ಲೆಯ ಮಾಳಿಣ್ ಅನ್ನುವ ಹಳ್ಳಿಯ ಮೇಲೆ ಬೆಳಗಿನ ಹೊತ್ತು ಗುಡ್ಡ ಜಾರಿತು. 150ಕ್ಕೂ ಹೆಚ್ಚು ಜನ ಮಣ್ಣಿನಡಿ ಹೋದರು. ಹೊರಗಿನವರಿಗೆ ಅದು ಮೊದಲು ಗೊತ್ತಾದದ್ದು ಹೇಗೆ ಹೇಳಿ? ಎಸ್‌ಟಿ ಬಸ್ಸಿನ ಡ್ರೈವರ್ ಆ ದಾರಿಯಲ್ಲಿ ಬಂದರು. ಊರು ಇರಬೇಕಾದ ಜಾಗದಲ್ಲಿ ಊರು ಇರಲಿಲ್ಲ. ಅವರು ಹೋಗಿ ಹೇಳಿದರು. ಆಗ ಎಲ್ಲರ ಜೇಬಿನಲ್ಲೂ ಮೊಬೈಲ್ ಇತ್ತು. 2020ರ ಜೂನ್ 3ರಂದು ನಿಸರ್ಗ ಚಂಡಮಾರುತ ರಾಯಗಡದ ಕರಾವಳಿಗೆ ಬಡಿದಾಗಲೂ ಕಂಬ, ಟವರ್ ಎಲ್ಲ ಮಲಗಿದವು. ಮುಂಬಯಿಯಲ್ಲಿ ಕೂತವರಿಗೆ ಅಲ್ಲಿನ ಹಳ್ಳಿಗಳ ತಮ್ಮವರ ಸುದ್ದಿ ದಿನಗಟ್ಟಲೆ ಇಲ್ಲ.

ಟವರ್ ಅಂದರೆ ಕರೆಂಟಿನ ಮೇಲೆ ನಿಂತ ವಸ್ತು. ಕರೆಂಟ್ ಹೋದರೆ ಬ್ಯಾಟರಿ, ಬ್ಯಾಟರಿ ಮುಗಿದರೆ ಡೀಸೆಲ್, ಡೀಸೆಲ್ ತರುವ ಗಾಡಿ ನೀರಿನಲ್ಲಿ. ಎಲ್ಲವೂ ಸರಿ ಇದ್ದರೂ ಒಂದೇ ಹೊತ್ತಿಗೆ ಎಲ್ಲರೂ ಕರೆ ಮಾಡಿದರೆ ಅದು ಕುಸಿಯುತ್ತದೆ. 2006ರ ಜುಲೈ 11ರ ಸಂಜೆ ಲೋಕಲ್ ರೈಲುಗಳಲ್ಲಿ ಬಾಂಬ್ ಸಿಡಿದಾಗ ಒಂದು ಹನಿ ನೀರೂ ಏರಿರಲಿಲ್ಲ. ಆದರೂ ಯಾರ ಫೋನೂ ಯಾರಿಗೂ ಸಿಗಲಿಲ್ಲ, ನೆನಪಿದೆಯಲ್ವಾ?

ಹ್ಯಾಮ್ ರೇಡಿಯೊ ಇಂಥ ಹೊತ್ತಿನ ವಸ್ತು. ನನ್ನ ಪೆಟ್ಟಿಗೆಯಿಂದ ಹೊರಟ ಮಾತು ನಿಮ್ಮ ಪೆಟ್ಟಿಗೆಗೆ ನೇರ ಬರುತ್ತದೆ. ಮಧ್ಯೆ ಯಾವ ಕಂಪನಿಯೂ ಇಲ್ಲ, ಟವರ್ ಇಲ್ಲ, ಬಿಲ್ ಇಲ್ಲ. ಎರಡು ಥರದ ಪೆಟ್ಟಿಗೆ ಸಾಕು. ಒಂದು ಕೈಯಲ್ಲಿ ಹಿಡಿಯುವ 5 ವ್ಯಾಟ್‌ನ ಹ್ಯಾಂಡಿ. ಅದು 144ರಿಂದ 146 ಮೆಗಾಹರ್ಟ್ಸ್‌ನಲ್ಲಿ ಕೆಲಸ ಮಾಡುತ್ತದೆ, ಕಣ್ಣಿಗೆ ಕಾಣುವಷ್ಟು ದೂರ ಹೋಗುತ್ತದೆ. ಅಂದರೆ ಗಲ್ಲಿಯಲ್ಲಿ ನಿಂತರೆ ಮುಂದಿನ ಗಲ್ಲಿಗೂ ಕಷ್ಟ, ಟೆರೇಸ್ ಮೇಲೆ ನಿಂತರೆ ಹತ್ತು ಹದಿನೈದು ಕಿಲೋಮೀಟರ್ ಆರಾಮ. ಇನ್ನೊಂದು ಮೇಜಿನ ಮೇಲಿಡುವ ದೊಡ್ಡ ಸೆಟ್. ಅದು 7 ಮೆಗಾಹರ್ಟ್ಸ್‌ಗೆ. ಅದರ ಅಲೆ ಮೇಲಕ್ಕೆ ಹೋಗಿ, ಆಕಾಶದಲ್ಲಿ ಅಯಾನುಗೋಳ ಅನ್ನುವ ವಿದ್ಯುತ್ ಕಣಗಳ ಪದರಕ್ಕೆ ಬಡಿದು, ಕೊಡೆಯ ನೀರಿನ ಹಾಗೆ ಸುತ್ತಲೂ ಇಳಿಯುತ್ತದೆ. ಹಗಲು ಹೊತ್ತು ಕಲಿನಾದಿಂದ ಕುಂದಾಪುರ, ನೇರ ಅಳೆದರೆ ಸುಮಾರು 630 ಕಿಲೋಮೀಟರ್, ಪಕ್ಕದ ಕೋಣೆಯಲ್ಲಿ ಮಾತಾಡಿದ ಹಾಗೆ ಕೇಳುತ್ತದೆ. ನಾನು ಹ್ಯಾಮ್ ಆದದ್ದೇ ಈ ಆಸೆಗೆ. ಅಜ್ಜಿ ಈಗ ಇಲ್ಲ.

ಆ ದೊಡ್ಡ ಸೆಟ್‌ಗೆ ಬೇಕಿರುವ ಆಂಟೆನಾವೇ ನಾನು ಕೇಳಿದ 20 ಮೀಟರ್ ತಂತಿ. ಡೈಪೋಲ್ ಅಂತಾರೆ. ಮಧ್ಯದಲ್ಲಿ ಕೇಬಲ್, ಆಚೆ ಈಚೆ ಹತ್ತತ್ತು ಮೀಟರ್, ತುದಿಗೆ ನೈಲಾನ್ ಹಗ್ಗ. ಬಟ್ಟೆ ಒಣಗಿಸುವ ತಂತಿಗೂ ಅದಕ್ಕೂ ನೋಡಲು ಜಾಸ್ತಿ ವ್ಯತ್ಯಾಸ ಇಲ್ಲ. ಕರೆಂಟಿಗೆ ನಿಮ್ಮ ಹಾಲ್‌ನಲ್ಲಿರುವ ಇನ್ವರ್ಟರಿನ 12 ವೋಲ್ಟ್ ಬ್ಯಾಟರಿ ಧಾರಾಳ. ಕೇಳುತ್ತಾ ಕೂತರೆ ಸೆಟ್ ಒಂದು ಆಂಪಿಯರ್ ಆಚೀಚೆ ತಿನ್ನುತ್ತದೆ. ಪೂರ್ತಿ 100 ವ್ಯಾಟ್‌ನಲ್ಲಿ ಮಾತಾಡುವಾಗ ಮಾತ್ರ 20ರ ಹತ್ತಿರ ಹೋಗುತ್ತದೆ. ಹಾಗಾಗಿಯೇ ಒಳ್ಳೆಯ ಹ್ಯಾಮ್ ಮಾತು ಕಡಿಮೆ, ಕಿವಿ ಜಾಸ್ತಿ.

ಇಷ್ಟು ಸುಲಭ ಆದರೆ ಆಪತ್ತು ಬಂದಾಗ ತಂದು ಕಟ್ಟಿದರಾಯಿತಲ್ಲ ಅನ್ನಬಹುದು. ಆಗುವುದಿಲ್ಲ. ಈ ಪತ್ರ ಬರೆಯುತ್ತಿರುವುದೇ ಆ ಮಾತಿಗೆ.

2004ರ ಡಿಸೆಂಬರಿನಲ್ಲಿ ಹೈದರಾಬಾದಿನ ನ್ಯಾಷನಲ್ ಇನ್‌ಸ್ಟಿಟ್ಯೂಟ್ ಆಫ್ ಅಮೆಚೂರ್ ರೇಡಿಯೊದ ಭಾರತಿ ಪ್ರಸಾದ್ ಒಂದು ತಂಡ ಕಟ್ಟಿಕೊಂಡು ಪೋರ್ಟ್ ಬ್ಲೇರ್‌ಗೆ ಹೋಗಿದ್ದರು. ಅಂಡಮಾನಿನಿಂದ ಹ್ಯಾಮ್ ಪ್ರಸಾರ ಎಷ್ಟೋ ವರ್ಷ ನಿಂತುಹೋಗಿತ್ತು. ಅಲ್ಲಿಂದ ಒಂದು ಕರೆ ಬಂದರೆ ಸಾಕು ಅಂತ ಜಗತ್ತಿನ ಹ್ಯಾಮ್‌ಗಳೆಲ್ಲ ಕಾಯುತ್ತಿದ್ದರು. ಶುದ್ಧ ಹವ್ಯಾಸದ ಪ್ರವಾಸ. ಅಂಚೆಚೀಟಿ ಕೂಡಿಡುವವರಿಗೆ ಅಪರೂಪದ ಚೀಟಿ ಸಿಕ್ಕ ಹಾಗೆ. ಹೋಟೆಲಿನಲ್ಲಿ ಸೆಟ್ ಜೋಡಿಸಿ, ಆಂಟೆನಾ ಏರಿಸಿ ದಿನವೂ ಮಾತಾಡುತ್ತಿದ್ದರು. 26ರ ಬೆಳಿಗ್ಗೆ ನೆಲ ನಡುಗಿತು, ಆಮೇಲೆ ಸಮುದ್ರ ಬಂತು. ದ್ವೀಪಗಳ ಸಂಪರ್ಕ ಕಡಿದಾಗ ಅದೇ ಸೆಟ್ ಸುದ್ದಿ ಸಾಗಿಸಿತು. ಯಾರು ಬದುಕಿದ್ದಾರೆ, ಎಲ್ಲಿ ಏನು ಬೇಕು ಅನ್ನುವುದು ಆ ತಂತಿಯಿಂದ ಮುಖ್ಯಭೂಮಿಗೆ ಬಂತು. ಸುನಾಮಿ ಬಂತು ಅಂತ ಹೊರಟು ಹೋಗಿ ಕಟ್ಟಿದ ತಂತಿ ಅಲ್ಲ ಅದು. ಮೊದಲೇ ಇತ್ತು. ಅದರ ಮುಂದೆ ಕೂತವರ ಕೈ ಪಳಗಿತ್ತು.

ಕೈ ಪಳಗುವುದು ಅಂದರೆ ಏನು ಅಂತ ನನ್ನದೇ ಮಾನ ಹೋದ ಒಂದು ಸಂಗತಿ ಹೇಳುತ್ತೇನೆ.

ಎರಡು ಮಳೆಗಾಲದ ಹಿಂದೆ ನಾವು ನಾಲ್ಕು ಜನ ಗೆಳೆಯರು ಒಂದು ಅಭ್ಯಾಸ ಮಾಡಿದೆವು. ನೆರೆ ಬಂದಿದೆ, ಫೋನ್ ಇಲ್ಲ ಅಂತ ಲೆಕ್ಕ. ಪೊವಾಯಿಯ ಗೆಳೆಯ ಅವರ ಕಟ್ಟಡದ ಮೇಲೆ, ನಾನು ಕಲಿನಾದಲ್ಲಿ ಪರಿಚಯದವರ ಟೆರೇಸ್ ಮೇಲೆ. ಕೈಯಲ್ಲಿ ಹ್ಯಾಂಡಿ. ಮೊದಲ ಹತ್ತು ನಿಮಿಷ ಬರೀ ಸೊಂಯ್ ಅನ್ನುವ ಸದ್ದು. ಮಧ್ಯೆ ಯಾವುದೋ ಹೊಸ ಬಹುಮಹಡಿ ಕಟ್ಟಡ ಎದ್ದು ನಿಂತಿತ್ತು. ಸುಮ್ನೆ ಬೇಸರಕ್ಕೆ ನೀರಿನ ಟ್ಯಾಂಕಿನ ಆಚೆ ಬದಿಗೆ ನಾಲ್ಕು ಹೆಜ್ಜೆ ಹಾಕಿದೆ ನೋಡಿ, ಗೆಳೆಯನ ದನಿ ಕಿವಿಯ ಪಕ್ಕದಲ್ಲೇ ಬಂತು. ನಾಲ್ಕೇ ಹೆಜ್ಜೆ. ಈಗ ಆ ಜಾಗದಲ್ಲಿ ಬಿಳಿ ಬಣ್ಣದಿಂದ ಒಂದು ಗುರುತು ಹಾಕಿದ್ದೇನೆ.

ಆಮೇಲೆ ಸಂದೇಶ ಕಳಿಸಿದೆ. "ಕಲಿನಾದಲ್ಲಿ ಬಾಣಂತಿ ಒಬ್ಬರನ್ನು ಸಾಗಿಸಬೇಕು, ದೋಣಿ ಬೇಕು." ಅವನು ಬರೆದುಕೊಂಡು ಮುಂಬ್ರಾದ ಗೆಳೆಯನಿಗೆ ದಾಟಿಸಿದ. ಅಲ್ಲಿಂದ ಡೊಂಬಿವಲಿಗೆ. ಸಂಜೆ ಚಹಾಕ್ಕೆ ಎಲ್ಲರೂ ಸೇರಿ ಚೀಟಿ ಹೋಲಿಸಿದೆವು. ಡೊಂಬಿವಲಿಯ ಚೀಟಿಯಲ್ಲಿ ದೋಣಿ ಕಳಿಸಿದ್ದು ಕಳ್ವಾಕ್ಕೆ! ಒಂದು ಸಾಂತಾಕ್ರೂಜ್ ಪಕ್ಕ, ಇನ್ನೊಂದು ಠಾಣೆಯ ಖಾಡಿಯಾಚೆ. ತಪ್ಪು ನನ್ನದು. ಊರ ಹೆಸರನ್ನು ಅಕ್ಷರ ಬಿಡಿಸಿ ಹೇಳಬೇಕಿತ್ತು: ಕಿಲೋ, ಆಲ್ಫಾ, ಲಿಮಾ, ಇಂಡಿಯಾ, ನವೆಂಬರ್, ಆಲ್ಫಾ. ಪರೀಕ್ಷೆಗೆ ಬಾಯಿಪಾಠ ಮಾಡಿದ್ದೆ, ಅವಸರದಲ್ಲಿ ನುಂಗಿದೆ. ಸಂದೇಶಕ್ಕೆ ನಂಬರ್ ಕೊಡುವುದು, ಹೊತ್ತು ಬರೆಯುವುದು, ಬರೆದುಕೊಂಡವರು ತಿರುಗಿ ಓದಿ ಹೇಳುವವರೆಗೆ ಬಿಡದಿರುವುದು, ಇದೆಲ್ಲ ಪುಸ್ತಕದಲ್ಲಿದೆ. ನಿಜವಾಗಿ ಬರುವುದು ಹತ್ತು ಸಲ ಮಾಡಿದ ಮೇಲೆ.

ಹಾಗಾದರೆ ನಿನ್ನ ಮನೆಯ ಮೇಲೆ ತಂತಿ ಕಟ್ಟಿಕೋ ಅಂತ ಕೇಳುತ್ತೀರಿ. ಕೇಳಿದ್ದೆ. ನಾವು ಈಗಿರುವ ಸೊಸೈಟಿಯ ಕಮಿಟಿ ಮುಂದೆ ಎರಡು ಸಲ ಅರ್ಜಿ ಇಟ್ಟೆ. ಒಬ್ಬರು ಟಿವಿ ಹಾಳಾಗುತ್ತದೆ ಅಂದರು. ಒಬ್ಬರಿಗೆ ಕ್ಯಾನ್ಸರ್ ಭಯ. ಇನ್ನೊಬ್ಬರು ಪೊಲೀಸರು ಬರುತ್ತಾರೆ ಅಂದರು. ಲೈಸೆನ್ಸ್ ತೋರಿಸಿದೆ, ಅದನ್ನು ತಿರುಗಿಸಿ ಮುರುಗಿಸಿ ನೋಡಿ ವಾಪಸ್ ಕೊಟ್ಟರು. ತಮಾಷೆ ಏನು ಗೊತ್ತಾ, ಅದೇ ಟೆರೇಸಿನ ಇನ್ನೊಂದು ಮೂಲೆಯನ್ನು ಮೊಬೈಲ್ ಟವರಿಗೆ ಬಾಡಿಗೆ ಕೊಟ್ಟಿದ್ದಾರೆ. ಸಿಡಿಲಿನ ಭಯ ಹೇಳಿದವರ ಮಾತು ಮಾತ್ರ ಸರಿ. ಮಿಂಚುವ ಹೊತ್ತಿನಲ್ಲಿ ಕೇಬಲ್ ಕಳಚಿ ಹೊರಗಿಡಬೇಕು, ಅರ್ಥಿಂಗ್ ಸರಿಯಾಗಿ ಮಾಡಬೇಕು. ಅದಕ್ಕೆ ನಾವು ತಯಾರು.

ಅದಕ್ಕೇ ನಿಮ್ಮ ಬಾಗಿಲಿಗೆ ಬಂದೆ. ನಿಮ್ಮದು ಸ್ವಂತ ಕಟ್ಟಡ. ಬಾಡಿಗೆ ಹಾಲ್ ಇದ್ದರೂ ಮಾಲೀಕರ ಹತ್ತಿರ ಮಾತಾಡುವ ಬಾಯಿ ನಿಮಗಿದೆ. ಮಾಟುಂಗಾದಿಂದ ಡೊಂಬಿವಲಿವರೆಗೆ, ವಾಶಿಯಿಂದ ಮೀರಾ ರೋಡ್‌ವರೆಗೆ ಕನ್ನಡ ಸಂಘ ಇಲ್ಲದ ಕಡೆ ಕಡಿಮೆ. ಭೂಪಟದ ಮೇಲೆ ಇಟ್ಟು ನೋಡಿದರೆ ಹ್ಯಾಮ್ ಜಾಲಕ್ಕೆ ಬೇಕಾದಂತೆ ಯಾರೋ ಅಳೆದು ಕೂರಿಸಿದ ಹಾಗಿದೆ. ಒಂದರ ಟೆರೇಸಿನಿಂದ ಇನ್ನೊಂದಕ್ಕೆ ಹ್ಯಾಂಡಿ ಮುಟ್ಟುತ್ತದೆ. ಒಂದೆರಡು ಕಡೆ ದೊಡ್ಡ ತಂತಿ ಇದ್ದರೆ ಊರಿನ ಕಡೆಗೂ ದಾರಿ ಆಯಿತು.

ಇನ್ನೂ ಒಂದು ಕಾರಣ. ಸಂಘಕ್ಕೆ ಬರುವವರು ನಾವು ಒಂದಷ್ಟು ಜನ. ಬರದವರು ಎಷ್ಟೋ ಜಾಸ್ತಿ. ಕಲಬುರಗಿ, ವಿಜಯಪುರ, ಯಾದಗಿರಿ ಕಡೆಯಿಂದ ಕಟ್ಟಡ ಕೆಲಸಕ್ಕೆ ಬಂದವರು ನಾಲಾ ಪಕ್ಕದ ತಗಡಿನ ಮನೆಗಳಲ್ಲಿದ್ದಾರೆ. ನೀರು ಬಂದರೆ ಮೊದಲು ಬರುವುದು ಅಲ್ಲಿಗೆ. ಅವರಲ್ಲಿ ವಯಸ್ಸಾದ ಹೆಂಗಸರಿಗೆ ಕನ್ನಡ ಬಿಟ್ಟು ಬೇರೆ ಮಾತು ಬರುವುದಿಲ್ಲ. "ಯಪ್ಪಾ, ನನ್ನ ಮೊಮ್ಮಗಾ ಕಾಣವಲ್ಲ" ಅಂದರೆ ಬರೆದುಕೊಳ್ಳಲು ಒಬ್ಬರು ಬೇಕಲ್ವಾ? ಹುಡುಗನ ಹೆಸರು, ಊರು, ಕೇರಿ ತಪ್ಪಿಲ್ಲದೆ ಬರೆಯಲು ಕನ್ನಡದ ಕಿವಿಯೇ ಆಗಬೇಕು.

ಕಾನೂನಿನ ಮಾತು ಮುಚ್ಚಿಡುವುದಿಲ್ಲ. ಲೈಸೆನ್ಸ್ ಇಲ್ಲದೆ ಸೆಟ್‌ನ ಮಾತಾಡುವ ಗುಂಡಿ ಒತ್ತುವುದು ಅಪರಾಧ. ಆನ್‌ಲೈನಿನಲ್ಲಿ ಅಗ್ಗದ ವಾಕಿಟಾಕಿ ಸಿಗುತ್ತದೆ ಅಂತ ದಯವಿಟ್ಟು ಯಾರೂ ತಂದು ಹಂಚಬೇಡಿ. ಕೇಂದ್ರ ದೂರಸಂಪರ್ಕ ಇಲಾಖೆಯ ಡಬ್ಲ್ಯುಪಿಸಿ ವಿಭಾಗ ಪರೀಕ್ಷೆ ನಡೆಸುತ್ತದೆ. 12 ವರ್ಷ ತುಂಬಿದ ಯಾರೂ ಕೂರಬಹುದು. ರಿಸ್ಟ್ರಿಕ್ಟೆಡ್ ಅನ್ನುವ ದರ್ಜೆಗೆ ಮೋರ್ಸ್, ಅಂದರೆ ಚುಕ್ಕಿ-ಗೆರೆಯ ಸಂಕೇತ, ಬೇಕಿಲ್ಲ, ಜನರಲ್‌ಗೆ ಬೇಕು. ಓಮ್ಸ್ ನಿಯಮ, ಆಂಟೆನಾ, ಬ್ಯಾಂಡ್‌ಗಳ ಲೆಕ್ಕ, ಒಂದಿಷ್ಟು ಕಾಯಿದೆ, ಅಷ್ಟೇ. ಕ್ಲಬ್ ಹೆಸರಿನಲ್ಲೂ ಲೈಸೆನ್ಸ್ ಪಡೆಯಬಹುದು, ಜವಾಬ್ದಾರಿಗೆ ಒಬ್ಬ ಲೈಸೆನ್ಸುದಾರ ಇರಬೇಕು. ಕೈಗೆ ಬರಲು ಸಮಯ ಹಿಡಿಯುತ್ತದೆ. ಮೇ ತಿಂಗಳಲ್ಲಿ ನೆನಪಾದರೆ ಆ ಮಳೆಗಾಲಕ್ಕೆ ಆಗುವುದಿಲ್ಲ.

ಪಾಠ ಮಾಡುವುದು ನಿಮಗೆ ಹೊಸದೂ ಅಲ್ಲ. ಹಗಲು ಹೋಟೆಲಿನಲ್ಲಿ ಲೋಟ ತೊಳೆದ ಹುಡುಗರನ್ನು ರಾತ್ರಿ ಶಾಲೆಯಲ್ಲಿ ಕೂರಿಸಿ ಮೆಟ್ರಿಕ್ ಮಾಡಿಸಿದ ಊರು ಇದು. ನನ್ನ ಅಪ್ಪ ಫೋರ್ಟ್‌ನ ಅಂಥದೇ ಒಂದು ಶಾಲೆಯಲ್ಲಿ ಓದಿದವರು. ಶನಿವಾರ ಸಂಜೆ ಎರಡು ಗಂಟೆ ನಿಮ್ಮ ಬೆಂಚು ಕೊಡಿ. ಹುಡುಗ ಹುಡುಗಿಯರನ್ನು ನಾವು ಪರೀಕ್ಷೆಗೆ ತಯಾರು ಮಾಡುತ್ತೇವೆ, ಕನ್ನಡದಲ್ಲೇ ಹೇಳಿಕೊಡುತ್ತೇವೆ. ಭರತನಾಟ್ಯದ ಕ್ಲಾಸಿಗೆ ಅಡ್ಡ ಬರುವುದಿಲ್ಲ.

ಇನ್ನೊಂದು ತೊಡಕು ಇದೆ. ಮಾಮೂಲಿ ದಿನಗಳಲ್ಲಿ ಹ್ಯಾಮ್ ಆದವನು ಬೇರೆಯವರ ಪರವಾಗಿ ಸುದ್ದಿ ಸಾಗಿಸುವಂತಿಲ್ಲ. ಭೂಕಂಪ, ಪ್ರವಾಹ, ಚಂಡಮಾರುತದ ಹೊತ್ತಿನಲ್ಲಿ ಜಿಲ್ಲಾಧಿಕಾರಿಯಂಥವರಿಂದ ಹೊರಟ, ಅವರಿಗೆ ಹೋಗಬೇಕಾದ ಸಂದೇಶಕ್ಕೆ ನಿಯಮ ದಾರಿ ಬಿಟ್ಟಿದೆ. ಹಾಗಾಗಿ ಉಪನಗರದ ಜಿಲ್ಲಾಧಿಕಾರಿಗೂ, ಮಹಾನಗರ ಪಾಲಿಕೆಯ ವಿಪತ್ತು ನಿಯಂತ್ರಣ ಕೊಠಡಿಗೂ (1916ಕ್ಕೆ ಕರೆ ಮಾಡಿದರೆ ಸಿಗುವುದು ಅದೇ) ನಮ್ಮ ತಂತಿಗಳ ವಿಷಯ ಮೊದಲೇ ಗೊತ್ತಿರಬೇಕು. ನೀರು ಬಂದ ಮೇಲೆ ಅನುಮತಿ ಕೇಳಲು ಫೋನ್ ಎಲ್ಲಿರುತ್ತದೆ? ನಾನೊಬ್ಬನೇ ಹೋದರೆ ಗೇಟಿನಲ್ಲೇ ಕೂರಿಸುತ್ತಾರೆ. ಹತ್ತು ಸಂಘಗಳ ಲೆಟರ್‌ಹೆಡ್‌ನಲ್ಲಿ ಕಾಗದ ಹೋದರೆ ಒಳಗೆ ಕರೆಯುತ್ತಾರೆ.

ಇದರಿಂದ ಎಲ್ಲ ಆಗಿಬಿಡುತ್ತದೆ ಅಂತ ನಂಬಿಸಲು ನಾನು ಬಂದಿಲ್ಲ. ಒಂದು ಸಂದೇಶ ಸರಿಯಾಗಿ ದಾಟಿಸಲು ಎರಡು ಮೂರು ನಿಮಿಷ ಬೇಕು. ಗಂಟೆಗೆ ಇಪ್ಪತ್ತು ದಾಟಿದರೆ ದೊಡ್ಡದು. ಗುಟ್ಟು ಅನ್ನುವುದು ಇಲ್ಲ, ಸೆಟ್ ಇದ್ದವರೆಲ್ಲ ಕೇಳಿಸಿಕೊಳ್ಳುತ್ತಾರೆ. ಕತ್ತಲಾದ ಮೇಲೆ 7 ಮೆಗಾಹರ್ಟ್ಸ್ ದೂರ ದೂರಕ್ಕೆ ಹಾರುತ್ತದೆ, ಕುಂದಾಪುರ ಮಾಯವಾಗಿ ಯಾವುದೋ ದೇಶ ಕೇಳಿಸುತ್ತದೆ. ಆಗ ಕೆಳಗಿನ ಬ್ಯಾಂಡಿಗೆ, ಅಂದರೆ ಇನ್ನೂ ಕಡಿಮೆ ಮೆಗಾಹರ್ಟ್ಸ್‌ಗೆ, ಇಳಿಯಬೇಕು, ಅದಕ್ಕೆ ತಂತಿ 40 ಮೀಟರ್ ಆಗಬೇಕು. ಅಷ್ಟು ದೊಡ್ಡ ಟೆರೇಸ್ ಯಾರಿಗಿದೆಯೋ ಅವರು ಮೊದಲು ಕೈ ಎತ್ತಿ.

ಈ ಜುಲೈ 26ಕ್ಕೆ ಒಂದು ಅಭ್ಯಾಸ ಮಾಡೋಣ ಅಂತಿದ್ದೇನೆ. ಬೆಳಿಗ್ಗೆ ಎಂಟಕ್ಕೆ ಶುರು. ಎಷ್ಟು ಸಂಘ ಒಪ್ಪುತ್ತವೋ ಅಷ್ಟು ಟೆರೇಸ್. ಪ್ರತಿ ಟೆರೇಸಿಗೂ ಲೈಸೆನ್ಸ್ ಇರುವ ಒಬ್ಬರನ್ನು ಹುಡುಕಿ ಕರೆತರುವುದು ನನ್ನ ಕೆಲಸ. ನೀವು ಚಹಾ ಕೊಡಿ, ಕೊಡೆ ಹಿಡಿಯಲು ಒಬ್ಬ ಹುಡುಗನನ್ನು ಕೊಡಿ. ಈ ಸಲ ಕಲಿನಾವನ್ನು ನಾನು ಅಕ್ಷರ ಬಿಡಿಸಿಯೇ ಹೇಳುತ್ತೇನೆ.

ಕಮಿಟಿ ಮೀಟಿಂಗ್ ಕರೆದು, ಠರಾವು ಮಾಡಿ, ಆಮೇಲೆ ತಿಳಿಸುತ್ತೇವೆ ಅನ್ನುವವರು ಹಾಗೇ ಮಾಡಿ, ಕಾಯುತ್ತೇನೆ. ಅಷ್ಟರೊಳಗೆ ಒಂದು ಸಣ್ಣ ವಿಷಯ ಮಾತ್ರ ವಿಚಾರಿಸಿ ಇಟ್ಟಿರಿ: ಟೆರೇಸಿನ ಬೀಗದ ಕೈ ಯಾರ ಹತ್ತಿರ ಇದೆ, ಅವರು ಊರಿಗೆ ಹೋದಾಗ ಯಾರಿಗೆ ಕೊಟ್ಟು ಹೋಗುತ್ತಾರೆ.

73,
ಕಲಿನಾದ ಒಬ್ಬ ಹ್ಯಾಮ್